ಮನೆಯಂಗಳದ ತೊಟ್ಟಿಯಲ್ಲಿ ಗಿಡ್ಡ ತಾವರೆಯ ಸಾಗುವಳಿ

ಶಿರಹಟ್ಟಿ ಸೀಮೆಯ ಹಿಡುವಳಿದಾರರಿಗೂ ಊರ ಹಿರಿಯರಿಗೂ ತಿಳಿವಳಿಕೆ

ಕೆರೆಯಿಲ್ಲದ ಊರಿನಲ್ಲಿ ತಾವರೆ ಬೆಳೆಯಲಾರದೆಂಬುದು ಸಾಮಾನ್ಯ ನಂಬಿಕೆ. ಗಿಡ್ಡ ಜಾತಿಗಳ ಮಟ್ಟಿಗೆ ಇದು ನಿಜವಲ್ಲ. ಒಂದೂವರೆ ಅಡಿ ಅಗಲದ ತೊಟ್ಟಿ, ಜಿಗುಟು ಮಣ್ಣು, ನಾಲ್ಕು ಬೆರಳು ನೀರು, ತುಂಬ ಬಿಸಿಲು, ಇಷ್ಟಿದ್ದರೆ ಸಾಕು. ಬಿಸಿಲಿಗೂ ಎರೆಮಣ್ಣಿಗೂ ಈ ಸೀಮೆಯಲ್ಲಿ ಕೊರತೆಯಿಲ್ಲ, ಕೊರತೆಯಿರುವುದು ನೀರಿಗೆ. ಆದುದರಿಂದ ಎರಡು ಮಾತುಗಳನ್ನು ಮೊದಲೇ ಮನಸ್ಸಿನಲ್ಲಿಡತಕ್ಕದ್ದು: ನೀರು ವ್ಯರ್ಥವಾಗಬಾರದು, ನಿಂತ ನೀರಿನಲ್ಲಿ ಸೊಳ್ಳೆ ಹುಟ್ಟಬಾರದು.

1. ಜಾತಿಯ ಆಯ್ಕೆ.— ತಾವರೆಯನ್ನೂ ನೈದಿಲೆಯನ್ನೂ ಒಂದೇ ಎಂದೆಣಿಸಬಾರದು. ನೈದಿಲೆಯ ಎಲೆಯಲ್ಲಿ ಸೀಳಿದ್ದು, ಅದು ನೀರ ಮೇಲೆ ತೇಲುತ್ತದೆ. ತಾವರೆಯ ಎಲೆಯು ಸೀಳಿಲ್ಲದ ದುಂಡನೆಯದು. ನೀರಿನಿಂದ ಮೇಲೆದ್ದು ನಿಲ್ಲುತ್ತದೆ. ಕೆರೆಯ ದೊಡ್ಡ ತಾವರೆಯನ್ನು ಚಿಕ್ಕ ಪಾತ್ರೆಯಲ್ಲಿಟ್ಟ ಮಾತ್ರಕ್ಕೆ ಅದು ಗಿಡ್ಡ ಜಾತಿಯಾಗದು. ಎಲೆ ಬಿಟ್ಟೀತು, ಹೂ ಬಿಡುವುದು ಅಪರೂಪ. ಬೀಜದಿಂದ ಹುಟ್ಟಿದ ಗಿಡವು ತಾಯಿಗಿಡದಂತೆಯೇ ಇರುವುದೆಂಬ ಭರವಸೆಯೂ ಇಲ್ಲ. ಆದಕಾರಣ ‘ಗಿಡ್ಡ ತಾವರೆಯ ಬೀಜ’ವೆಂಬ ಮಾತಿಗೆ ಮರುಳಾಗದೆ, ಹೂ ಬಿಟ್ಟ ಗಿಡ್ಡ ಗಿಡದ ಗಡ್ಡೆಯನ್ನೇ ತರುವುದು ಲೇಸು.

2. ಪಾತ್ರೆಯೂ ಮಣ್ಣೂ.— ಪಾತ್ರೆಯು ದುಂಡಗಿದ್ದು, ಎಂಟರಿಂದ ಹತ್ತು ಅಂಗುಲ ಆಳವಿದ್ದು, ತಳದಲ್ಲಿ ತೂತಿಲ್ಲದಿರಬೇಕು. ಮೂಲೆಯುಳ್ಳ ಪಾತ್ರೆಯಲ್ಲಿ ಹಬ್ಬುವ ಬೇರುಕಾಂಡದ ಮೊಳಕೆಯು ಮೂಲೆಗೆ ಸಿಕ್ಕಿ ನಿಂತುಬಿಡುತ್ತದೆ. ಐದು ಅಂಗುಲದಷ್ಟು ಎರೆಮಣ್ಣನ್ನಾಗಲಿ ಸ್ವಂತ ಊರ ಕೆರೆಯ ಗೋಡನ್ನಾಗಲಿ ಕೆಸರಾಗಿ ಕಲಸಿ ತುಂಬಬೇಕು. ಬರಿಯ ಮಸಾರಿ ಮಣ್ಣು ಸಾಲದು. 2024ರಲ್ಲಿ ರಾಮ್ಸಾರ್ ಪಟ್ಟಿಗೆ ಸೇರಿದ ಮಾಗಡಿ ಕೆರೆಯು ವಲಸೆ ಹಕ್ಕಿಗಳ ತಂಗುದಾಣ. ಅಲ್ಲಿಂದ ಗೋಡನ್ನಾಗಲಿ ಗಿಡವನ್ನಾಗಲಿ ತೆಗೆಯಕೂಡದು. ಹಸಿ ಸಗಣಿಯನ್ನು ಎಂದಿಗೂ ಹಾಕತಕ್ಕದ್ದಲ್ಲ. ಅದು ನೀರಿನಡಿ ಕೊಳೆತು ಗಡ್ಡೆಯನ್ನೂ ಕೊಳೆಯಿಸುತ್ತದೆ.

3. ನಾಟಿ.— ಫೆಬ್ರುವರಿ, ಮಾರ್ಚ್ ತಿಂಗಳುಗಳು ಇದಕ್ಕೆ ಯೋಗ್ಯ ಕಾಲ. ಎರಡು ಗೆಣ್ಣುಗಳಾದರೂ ಇದ್ದು ಮೊಳಕೆ ಮುರಿಯದ ಗಡ್ಡೆಯನ್ನು ಓರೆಯಾಗಿ ಹುದುಗಿಸಿ, ಮೊಳಕೆಯ ತುದಿಯನ್ನು ಮೇಲ್ಮುಖವಾಗಿಡಬೇಕು. ಮೊದಲು ಎರಡು ಅಂಗುಲ ನೀರು ಸಾಕು. ಎಲೆಗಳೆದ್ದ ಮೇಲೆ ಮೂರು ಅಂಗುಲ. ದಿನಕ್ಕೆ ಆರು ಗಂಟೆಯಾದರೂ ನೇರ ಬಿಸಿಲು ಬೀಳಬೇಕು. ಗಿಡ ಹಸಿರಾಗಿದ್ದೂ ಹೂ ಬಿಡದಿದ್ದರೆ, ಮೊದಲು ನೆರಳನ್ನು ಶಂಕಿಸಬೇಕು.

4. ಗೊಬ್ಬರವೂ ಆರೈಕೆಯೂ.— ಮೂರು ನಾಲ್ಕು ಎಲೆಗಳು ನೀರಿನಿಂದ ಮೇಲೆದ್ದು ನಿಲ್ಲುವವರೆಗೆ ಗೊಬ್ಬರ ಬೇಡ. ಆಮೇಲೆ ತಿಂಗಳಿಗೊಮ್ಮೆ ಅರ್ಧ ಚಿಕ್ಕ ಚಮಚ ಮಿಶ್ರಗೊಬ್ಬರವನ್ನು ಕಾಗದದಲ್ಲಿ ಸುತ್ತಿ ಬುಡದಿಂದ ದೂರದಲ್ಲಿ ಕೆಸರಿಗೆ ಒತ್ತಬೇಕು. ಎಲೆಯ ದಂಟಿನೊಳಗೆ ಬೇರಿಗೆ ಗಾಳಿ ಒಯ್ಯುವ ನಾಳಗಳಿವೆ. ಆದುದರಿಂದ ಒಣಗಿದ ಎಲೆಯನ್ನು ನೀರಿನ ಮಟ್ಟಕ್ಕಿಂತ ಮೇಲೆಯೇ ಕೊಯ್ಯಬೇಕು. ಹೇನು ಬಿದ್ದರೆ ನೀರು ಚಿಮುಕಿಸಿ ತೊಳೆಯುವುದು.

5. ನೀರಿನ ಲೆಕ್ಕ.— ಒಂದೂವರೆ ಅಡಿ ಅಗಲದ ತೊಟ್ಟಿಯಲ್ಲಿ ನೀರು ಒಂದು ಸೆಂಟಿಮೀಟರ್ ಇಳಿದರೆ, ಒಂದೂವರೆ ಲೀಟರಿಗೂ ಹೆಚ್ಚು ನೀರು ಆರಿತೆಂದು ತಿಳಿಯಬೇಕು. ಕಡುಬೇಸಿಗೆಯಲ್ಲಿ ಒಂದು ದಿನಕ್ಕೆ ಇಷ್ಟು ಆರುವುದುಂಟು. ಕುಡಿಯುವ ನೀರನ್ನು ದೂರದಿಂದ ಹೊರುವ ಮನೆಯವರು ಒಂದೇ ತೊಟ್ಟಿಗೆ ತೃಪ್ತರಾಗಿ, ಕಾಯಿಪಲ್ಲೆ ತೊಳೆದ ನೀರನ್ನು ಸೋಸಿ ಹಾಕಬಹುದು. ಉಪ್ಪಾಗಲಿ ಸಾಬೂನಾಗಲಿ ಬೆರೆತಿರಬಾರದು. ಉಪ್ಪು ಬಾವಿನೀರಿಗಿಂತ ಕೂಡಿಟ್ಟ ಮಳೆನೀರು ಉತ್ತಮ.

6. ಸೊಳ್ಳೆಯ ನಿವಾರಣೆ.— ಸೆಖೆಗಾಲದಲ್ಲಿ ಸೊಳ್ಳೆಯ ಮೊಟ್ಟೆಯು ಎಂಟು ಹತ್ತು ದಿನಗಳಲ್ಲಿ ಹಾರುವ ಸೊಳ್ಳೆಯಾಗುತ್ತದೆ. ಮಲೇರಿಯ, ಡೆಂಗ್ಯೂಗಳು ಹರಡುವುದು ಸೊಳ್ಳೆಗಳಿಂದಲೇ. ತೊಟ್ಟಿಯ ನೀರನ್ನು ವಾರಕ್ಕೊಮ್ಮೆ ಚೆಲ್ಲಿದರೆ ಗಿಡ ಕೆಡುವುದರಿಂದ, ಎರಡು ಮೂರು ಗಪ್ಪಿ ಮೀನುಗಳನ್ನು ಬಿಡತಕ್ಕದ್ದು. ಅವು ಮರಿಹುಳುಗಳನ್ನು ತಿನ್ನುತ್ತವೆ. ಮೀನಿರುವ ತೊಟ್ಟಿಗೆ ಕೀಟನಾಶಕ ಹಾಕಬಾರದು. ಇವು ಪರದೇಶದ ಮೀನುಗಳಾದ ಕಾರಣ ಕೆರೆಹಳ್ಳಗಳಿಗೆ ಬಿಡಲಾಗದು. ಮೀನನ್ನು ಸಾಕಲಾರದವರು ತಾವರೆಯನ್ನು ಇಡದಿರುವುದೇ ಮೇಲು. ಒಂದು ಮನೆಯ ಹೂವಿಗಾಗಿ ಓಣಿಯವರೆಲ್ಲ ಜ್ವರದಲ್ಲಿ ಮಲಗಬಾರದು.

7. ಹಂಚಿಕೆ.— ವರುಷ ತುಂಬುವಷ್ಟರಲ್ಲಿ ಗಡ್ಡೆಗಳು ತೊಟ್ಟಿಯನ್ನೆಲ್ಲ ತುಂಬಿಕೊಳ್ಳುತ್ತವೆ. ಚಳಿಗಾಲದ ಕೊನೆಗೆ ಅವನ್ನು ಬಿಡಿಸಿ, ಒಂದನ್ನು ಮರಳಿ ನೆಟ್ಟು, ಉಳಿದವನ್ನು ನೆರೆಯವರಿಗೆ ಕೊಡಬೇಕು. ಊರ ಹಿರಿಯರು ಮೊದಲ ತೊಟ್ಟಿಯನ್ನು ಶಾಲೆಯ ಅಂಗಳದಲ್ಲಿಟ್ಟು, ನೀರು ಮತ್ತು ಮೀನುಗಳ ಮೇಲ್ವಿಚಾರಣೆಯನ್ನು ಮಕ್ಕಳಿಗೆ ಒಪ್ಪಿಸಿದರೆ, ಹೂವಿನೊಡನೆ ಸೊಳ್ಳೆಯ ಪಾಠವೂ ಮನೆಮನೆಗೆ ಮುಟ್ಟುವುದು.