ಎಚ್‌ಪಿ ಕೇಳುವ ಮೊದಲು ನೀರು ಅಳೆ

ಮಗೂ, ಡಿಪ್ಲೊಮಾ ಮುಗಿಸಿ ತಿಳವಳ್ಳಿಗೆ ಕಾಲಿಟ್ಟದ್ದೇ ತಡ, ಹೊಲದ ಮೋಟರ್ ಬದಲಿಸುವ ಮಾತು ಎತ್ತಿದ್ದೀಯ. ‘ಐದು ಯಾವ ಮೂಲೆಗೆ? ಏಳೂವರೆ ಹಾಕೋಣ, ಹತ್ತಾದರೂ ನಡೆದೀತು’ ಅನ್ನುತ್ತೀಯ. ನಿನ್ನ ಹುರುಪು ಒಳ್ಳೆಯದೇ. ಹೊಲದ ಕಡೆ ತಲೆ ಹಾಕಿಯೂ ಮಲಗದ ವಯಸ್ಸಿನಲ್ಲಿ ನೀನು ಬೋರಿನ ಬಳಿ ನಿಂತು ಪೈಪು ಎಣಿಸುವುದು ಕಂಡರೆ ನನಗೆ ಹೊಟ್ಟೆ ತುಂಬಿದ ಹಾಗಾಗುತ್ತದೆ. ಆದರೆ ನಿನ್ನ ಲೆಕ್ಕಕ್ಕಿಂತ ನಿನ್ನ ನಾಲಿಗೆ ಮುಂದೆ ಓಡುತ್ತದೆ. ಅದೊಂದನ್ನು ಹಿಡಿದು ನಿಲ್ಲಿಸಬೇಕು. ಅದಕ್ಕೇ ಕೂರಿಸಿಕೊಂಡಿದ್ದೇನೆ. ಮೊಬೈಲು ಅತ್ತ ಇಡು, ಕೇಳು.

ಎಚ್‌ಪಿ ಅಂದರೇನು ಎಂದು ಕೇಳಿದರೆ ನೀನು ‘ಶಕ್ತಿ’ ಅನ್ನುತ್ತೀಯ. ಪರೀಕ್ಷೆಯಲ್ಲಿ ಅಂಕ ಬಂದೀತು, ಹೊಲದಲ್ಲಿ ಬರುವುದಿಲ್ಲ. ಎಚ್‌ಪಿ ಎಷ್ಟು ಕೆಲಸ ಆಯಿತು ಎಂದು ಹೇಳುವುದಿಲ್ಲ. ಕೆಲಸ ಎಷ್ಟು ಬೇಗ ಆಗುತ್ತಿದೆ ಎಂದು ಹೇಳುತ್ತದೆ. 75 ಕಿಲೋ ಭಾರವನ್ನು ಒಂದು ಸೆಕೆಂಡಿನಲ್ಲಿ ಒಂದು ಮೀಟರ್ ಎತ್ತಿದರೆ ಒಂದು ಎಚ್‌ಪಿ, ಅಷ್ಟೇ. 75 ಕಿಲೋ ಗೋವಿನಜೋಳವನ್ನು ನೀನು ಚೀಲದಲ್ಲಿ ಹೊತ್ತು ಒಂದೇ ಉಸಿರಿಗೆ ಅಟ್ಟಕ್ಕೆ ಏರಿಸು. ನಿನ್ನ ಅಜ್ಜಿ ಅದನ್ನೇ ಪುಟ್ಟಿಯಲ್ಲಿ ತುಂಬಿಕೊಂಡು ಸಂಜೆಯವರೆಗೆ ಸಾಗಿಸಲಿ. ಅಟ್ಟ ಸೇರಿದ ಕಾಳು ಅಷ್ಟೇ, ಆದ ಕೆಲಸವೂ ಅಷ್ಟೇ. ಎಚ್‌ಪಿ ಮಾತ್ರ ನಿನ್ನದು ದೊಡ್ಡದು, ಅಜ್ಜಿಯದು ಸಣ್ಣದು. ಅದಕ್ಕೆಂದು ಅಜ್ಜಿಯ ಎದುರು ಮೀಸೆ ತಿರುವಲು ಹೋಗಬೇಡ. ಮರುದಿನ ಸೊಂಟ ಹಿಡಿದುಕೊಂಡು ಕೂರುವವರು ಯಾರು ಎಂದು ನನಗೆ ಗೊತ್ತು.

ಎಚ್‌ಪಿ ಅಂದರೆ ಹಾರ್ಸ್‌ಪವರ್, ಕುದುರೆಯ ಬಲ. ಈ ಅಳತೆ ಕಟ್ಟಿದವನು ಸ್ಕಾಟ್ಲೆಂಡಿನ ಜೇಮ್ಸ್ ವಾಟ್, 1780ರ ದಶಕದಲ್ಲಿ. ಅವನಿಗೆ ಹಬೆಯಂತ್ರ ಮಾರಬೇಕಿತ್ತು. ಕೊಳ್ಳುವವರು ಗಿರಣಿಗೆ ಕುದುರೆ ಕಟ್ಟಿದ ಜನ. ‘ನಿನ್ನ ಯಂತ್ರ ನನ್ನ ಎಷ್ಟು ಕುದುರೆಯ ಕೆಲಸ ಮಾಡೀತು?’ ಇದೊಂದೇ ಅವರಿಗೆ ತಿಳಿಯಬೇಕಾದದ್ದು. ವಾಟ್ ಗಿರಣಿ ಸುತ್ತುವ ಕುದುರೆಯ ಎಳೆತ, ನಡಿಗೆ, ಸುತ್ತು ಎಲ್ಲ ಲೆಕ್ಕ ಹಿಡಿದು, ನಿಮಿಷಕ್ಕೆ 33,000 ಅಡಿ-ಪೌಂಡು ಎಂದು ಗೆರೆ ಎಳೆದ. ಸಾಧಾರಣ ಕುದುರೆಗೆ ಹೊತ್ತು ಮುಳುಗುವ ತನಕ ಅಷ್ಟು ಎಳೆಯುವುದು ಕಷ್ಟ. ಅಂದರೆ ಅಳತೆ ಕೊಳ್ಳುವವನ ಕಡೆಗೇ ವಾಲಿತ್ತು. ಹತ್ತು ಕುದುರೆಯ ಯಂತ್ರ ಎಂದು ಒಯ್ದವನಿಗೆ ಹತ್ತು ಕುದುರೆಗಿಂತ ಕಡಿಮೆ ಕೆಲಸ ಸಿಗಲಿಲ್ಲ. ವ್ಯಾಪಾರ ಹಾಗೆ ನಿಲ್ಲುತ್ತದೆ ಮಗೂ. ಮುಂದೆ ಅವನ ಹೆಸರಿನಲ್ಲೇ ವ್ಯಾಟ್ ಎಂಬ ಮಾನ ಬಂತು. ಒಂದು ಎಚ್‌ಪಿ ಅಂದರೆ 746 ವ್ಯಾಟ್. ಮೊದಲು ಹೇಳಿದ 75 ಕಿಲೋ ಲೆಕ್ಕದ, ಮೆಟ್ರಿಕ್ ಎನ್ನುವ ಇನ್ನೊಂದು ಎಚ್‌ಪಿ ಇದೆ, ಅದು 735.5. ಮೋಟರಿನ ಪಟ್ಟಿಯ ಮೇಲೆ ‘3.7 ಕಿಲೋವ್ಯಾಟ್ / 5 ಎಚ್‌ಪಿ’ ಎಂದು ಎರಡನ್ನೂ ಕೆತ್ತಿರುತ್ತಾರೆ. ಎರಡೂ ಒಂದೇ ಮಾತು. ನಿನಗೆ ಗೊಂದಲವಾದಾಗ ಕಿಲೋವ್ಯಾಟ್ ಓದು.

ಈಗ ನಮ್ಮ ಕಡೆಯ ಕುದುರೆ ನೋಡು, ಅಂದರೆ ಎತ್ತು. ಎತ್ತು ಕಟ್ಟಿ ಬಾವಿಯ ನೀರೆತ್ತುವ ಕಪಿಲೆ ಹೊಡೆಯುತ್ತಿದ್ದ ಕಾಲದಲ್ಲಿ ಒಳ್ಳೆಯ ಜೋಡೆತ್ತು ನಿಲ್ಲದೆ ಎಳೆದರೆ ಹೆಚ್ಚೆಂದರೆ ಒಂದು ಎಚ್‌ಪಿ. ಗಟ್ಟಿ ಆಳು ದಿನವಿಡೀ ದುಡಿದರೆ ಎಚ್‌ಪಿಯ ಹತ್ತನೇ ಒಂದು ಪಾಲು. ನಮ್ಮೂರ ಶಾಂತೇಶ್ವರ ಗುಡಿ ಸೇಉಣ ಅರಸರ ಕಾಲದ್ದು, 13ನೇ ಶತಮಾನದ್ದು. ಆ ಕಂಬ, ಆ ತೊಲೆ, ಆ ಚಪ್ಪಡಿ ಎಲ್ಲ ಮೇಲೆ ಏರಿದ್ದು ಆಳಿನ ಮತ್ತು ಎತ್ತಿನ ಈ ಸಣ್ಣ ಎಚ್‌ಪಿಯಿಂದಲೇ. ಕಡಿಮೆ ಬಲ, ಉದ್ದ ಹೊತ್ತು, ಬಿಡದ ಕೈ. ಕಲ್ಲು ಇವತ್ತಿಗೂ ನಿಂತಿದೆ.

ದೀಪಾವಳಿ ಬಂದರೆ ನೀನು ಹೋರಿ ಹಬ್ಬಕ್ಕೆ ಹಾನಗಲ್ಲಿಂದ ಹಾವೇರಿಯವರೆಗೆ ಬೈಕು ಓಡಿಸುವವ. ಕೊಬ್ಬರಿ ಕಟ್ಟಿದ ಹೋರಿ ಅಖಾಡದಲ್ಲಿ ನುಗ್ಗುವ ಆ ಗಳಿಗೆಯಲ್ಲಿ ಅದರ ಎಚ್‌ಪಿ ಗಾಡಿ ಎಳೆಯುವಾಗಿನದಕ್ಕಿಂತ ಎಷ್ಟೋ ಪಟ್ಟು. ಕುದುರೆಯೂ ಹಾಗೇ. ಒಂದೆರಡು ಸೆಕೆಂಡಿನ ಎಗರಿನಲ್ಲಿ ಅದು 15 ಎಚ್‌ಪಿಯ ಹತ್ತಿರ ಹೋಗಬಲ್ಲದು ಎಂದು 1993ರಲ್ಲಿ ವಿಜ್ಞಾನಿಗಳು ಲೆಕ್ಕ ಹಾಕಿ ತೋರಿಸಿದರು. ಆದರೂ ವಾಟ್ ಅದನ್ನು ಒಂದು ಎಂದೇ ಬರೆದ. ಯಾಕೆ ಗೊತ್ತೇ? ಗಿರಣಿ ನಡೆಯುವುದು ಎಗರಿನಿಂದಲ್ಲ, ದಿನದ ಎಳೆತದಿಂದ. ನಿನ್ನನ್ನು ನೋಡಿದಾಗಲೆಲ್ಲ ನನಗೆ ಈ ಮಾತು ಬಾಯಿಗೆ ಬರುತ್ತದೆ. ಸೋಮವಾರ ಹದಿನೈದು ಎಚ್‌ಪಿ, ಬುಧವಾರ ಅರ್ಧ, ಶುಕ್ರವಾರ ಮಂಚದ ಮೇಲೆ. ನನಗೆ ಬೇಕಾದದ್ದು ವಾರವಿಡೀ ಒಂದೇ ಎಚ್‌ಪಿ.

ಸರಿ, ಮೋಟರಿಗೆ ಬರೋಣ. ಮೋಟರ್ ನೀರು ಹುಟ್ಟಿಸುವುದಿಲ್ಲ. ಇದ್ದ ನೀರನ್ನು ಎತ್ತುತ್ತದೆ. ಎಷ್ಟು ನೀರು ಎಂದು ಕೇಳಿದ ಉಸಿರಿನಲ್ಲೇ ಎಷ್ಟು ಎತ್ತರಕ್ಕೆ ಎಂದೂ ಕೇಳಬೇಕು. ಆ ಎತ್ತರಕ್ಕೆ ಅಂಗಡಿಯಲ್ಲಿ ಹೆಡ್ ಅನ್ನುತ್ತಾರೆ. ಲೆಕ್ಕ ಸುಲಭ, ಬರೆದುಕೋ: ಸೆಕೆಂಡಿಗೆ ಬರುವ ಲೀಟರನ್ನು ಹೆಡ್ಡಿನ ಮೀಟರಿನಿಂದ ಗುಣಿಸು, 75ರಿಂದ ಭಾಗಿಸು. ನೀರಿಗೆ ಬೇಕಾದ ಎಚ್‌ಪಿ ಬಂತು. ಪಂಪಿನೊಳಗೆ ನೀರು ಸುಳಿಯುತ್ತದೆ, ತಿಕ್ಕುತ್ತದೆ, ಎಲ್ಲ ಸೇರಿ ಸುಮಾರು ಅರ್ಧ ಸೋರಿಹೋಗುತ್ತದೆ. ಆದ್ದರಿಂದ ಬಂದ ಉತ್ತರವನ್ನು ಎರಡು ಪಟ್ಟು ಮಾಡು. ಅದು ನೀನು ಕೊಳ್ಳಬೇಕಾದ ಮೋಟರ್.

ಒಂದು ಬೋರು ಇಟ್ಟುಕೊಂಡು ಲೆಕ್ಕ ಮಾಡೋಣ. ಮೋಟರ್ ಓಡುವಾಗ ನೀರು ನೆಲದಿಂದ 60 ಮೀಟರ್ ಕೆಳಗೆ ನಿಲ್ಲುತ್ತದೆ. ಹೊಲದ ತಲೆಗೆ ಏರಿಸಲು, ಪೈಪಿನ ತಿಕ್ಕಾಟಕ್ಕೆ ಇನ್ನು 10 ಹಿಡಿ. ಹೆಡ್ 70 ಆಯಿತು. ಬೋರು ಕೊಡುವುದು ಸೆಕೆಂಡಿಗೆ ಎರಡೂವರೆ ಲೀಟರ್. ಎರಡೂವರೆ ಗುಣಿಸು 70, ಭಾಗಿಸು 75: ಸುಮಾರು 2.3. ಎರಡು ಪಟ್ಟು ಮಾಡಿದರೆ 4.7 ಸಮೀಪ. ಐದರ ಮೋಟರ್ ಸರಿಯಾಗಿ ಕೂತಿತು. ನೀನು ಹೇಳಿದ ಏಳೂವರೆ ಇಳಿಸಿದರೆ ಅದು ಸೆಕೆಂಡಿಗೆ ನಾಲ್ಕು ಲೀಟರ್ ಎಳೆಯಲು ಹೊರಡುತ್ತದೆ. ಬೋರು ಕೊಡುವುದು ಎರಡೂವರೆ. ಸ್ವಲ್ಪ ಹೊತ್ತಿಗೆ ನೀರು ಕೆಳಗಿಳಿದು ಪಂಪು ಗಾಳಿ ಕುಡಿಯುತ್ತದೆ. ನೀರಿಲ್ಲದೆ ತಿರುಗಿದ ಸಬ್‌ಮರ್ಸಿಬಲ್ ಎಷ್ಟು ಹೊತ್ತು ಬಾಳೀತು? ಸುಟ್ಟ ಮೋಟರನ್ನು ಎತ್ತಿಸಿ, ವೈಂಡಿಂಗಿಗೆ ಕೊಟ್ಟು, ಮತ್ತೆ ಇಳಿಸುವ ಹೊತ್ತಿಗೆ ಹೊಲದ ಶುಂಠಿ ಒಣಗಿರುತ್ತದೆ.

ಪೈಪಿನ ಮಾತನ್ನೂ ಕೇಳಿಬಿಡು. ಅದೇ ಪೈಪಿನಲ್ಲಿ ನೀರನ್ನು ಎರಡು ಪಟ್ಟು ಹರಿಸಿದರೆ ತಿಕ್ಕಾಟ ಹತ್ತಿರ ಹತ್ತಿರ ನಾಲ್ಕು ಪಟ್ಟು ಏರುತ್ತದೆ. ದೊಡ್ಡ ಮೋಟರ್ ತಂದು ಕಿರಿದಾದ ಹಳೇ ಪೈಪಿಗೇ ಜೋಡಿಸುವವರು ಕೊಂಡ ಎಚ್‌ಪಿಯಲ್ಲಿ ಪೈಪಿನ ಗೋಡೆ ತಿಕ್ಕುತ್ತಾರೆ. ಆ ದುಡ್ಡಿಗೆ ಒಂದು ಅಳತೆ ದೊಡ್ಡ ಪೈಪು ಹಾಕಿದ್ದರೆ ಹಳೇ ಮೋಟರೇ ಹೆಚ್ಚು ನೀರು ಕೊಡುತ್ತಿತ್ತು.

ಇನ್ನೊಂದು ಗೊಂದಲ ನಿನ್ನ ಗೆಳೆಯರಲ್ಲಿಯೂ ಇದೆ. ಎಚ್‌ಪಿ ಬೇರೆ, ಯೂನಿಟ್ ಬೇರೆ. ಎಚ್‌ಪಿ ವೇಗ, ಯೂನಿಟ್ ಮೊತ್ತ. ಒಂದು ಕಿಲೋವ್ಯಾಟ್ ಒಂದು ಗಂಟೆ ಓಡಿದರೆ ಒಂದು ಯೂನಿಟ್. ಐದು ಎಚ್‌ಪಿಯ ಮೋಟರ್ ತನ್ನ ನಷ್ಟವೂ ಸೇರಿ ಗಂಟೆಗೆ ನಾಲ್ಕೂವರೆಯಿಂದ ಐದು ಯೂನಿಟ್ ತಿನ್ನುತ್ತದೆ. ತ್ರೀ ಫೇಸ್ ಏಳು ತಾಸು ಬಂದ ದಿನ ಮೂವತ್ತು ಯೂನಿಟ್ ದಾಟುತ್ತದೆ. ಕರ್ನಾಟಕದಲ್ಲಿ 2008ರಿಂದ 10 ಎಚ್‌ಪಿವರೆಗಿನ ನೀರಾವರಿ ಪಂಪ್‌ಸೆಟ್ಟಿಗೆ ರೈತ ಬಿಲ್ಲು ಕಟ್ಟಬೇಕಿಲ್ಲ. ಸರ್ಕಾರ ತುಂಬುತ್ತದೆ. ಬಿಲ್ಲು ಬರುವುದಿಲ್ಲವೆಂದು ಯೂನಿಟ್ ಬರುವುದಿಲ್ಲ ಎಂದುಕೊಳ್ಳಬೇಡ. ಎಲ್ಲೋ ಒಂದು ಕಡೆ ಅಣೆಕಟ್ಟಿನ ನೀರು ಇಳಿದಿರುತ್ತದೆ, ಇಲ್ಲವೇ ಕಲ್ಲಿದ್ದಲು ಉರಿದಿರುತ್ತದೆ.

ಈಗ ನಾನು ಗಟ್ಟಿಯಾಗಿ ಹೇಳಬೇಕಾದ ಮಾತು. ಕಾಗದದ ಮೇಲೆ ಐದು ಬರೆಸಿ ಬಾವಿಯೊಳಗೆ ಏಳೂವರೆ ಇಳಿಸುವ ಚಾಳಿ ಇದೆ. ‘ಯಾರು ಇಳಿದು ನೋಡುತ್ತಾರೆ’ ಎಂದು ನಗುತ್ತಾರೆ. ಟಿಸಿ, ಅಂದರೆ ಟ್ರಾನ್ಸ್‌ಫಾರ್ಮರ್, ನೋಡುತ್ತದೆ ಮಗೂ. ನಮ್ಮ ಹೊಲದ ಬದುವಿನ 25 ಕೆವಿಎ ಟಿಸಿಗೆ ಐದು ಎಚ್‌ಪಿಯ ನಾಲ್ಕು ಮೋಟರೇ ತುಂಬು ಹೊರೆ. ನಾಲ್ವರೂ ಗುಟ್ಟಾಗಿ ಏಳೂವರೆ ಇಳಿಸಿದರೆ ಅದರ ತಲೆ ಮೇಲೆ 35 ಕೆವಿಎ ಸಮೀಪ ಕೂರುತ್ತದೆ. ಆನೆ ಭಾರ ಆನೆಗೆ, ಇರುವೆ ಭಾರ ಇರುವೆಗೆ ಅನ್ನುತ್ತಾರೆ. ಇಲ್ಲಿ ಆನೆಯ ಭಾರ ಇರುವೆಯ ಮೇಲೆ ಬಿತ್ತು. ಮೊದಲು ವೋಲ್ಟೇಜು ಕುಸಿಯುತ್ತದೆ. ವೋಲ್ಟೇಜು ಕುಸಿದರೆ ಮೋಟರ್ ಅದೇ ಕೆಲಸಕ್ಕೆ ಹೆಚ್ಚು ಆಂಪಿಯರ್ ಎಳೆಯುತ್ತದೆ, ಕಾಯುತ್ತದೆ. ಸರಿಯಾದ ಮೋಟರ್ ಇಟ್ಟ ನೆರೆಯವನದೂ ಕಾಯುತ್ತದೆ. ಕೊನೆಗೆ ಟಿಸಿಯೇ ಸುಡುತ್ತದೆ. ಆಮೇಲೆ ಎಲ್ಲರೂ ಸೇರಿ ಕರೆಂಟು ಕಂಪನಿ ಹೆಸ್ಕಾಂ ಕಚೇರಿಗೆ ಓಡುತ್ತಾರೆ. ಹೊಸ ಟಿಸಿ ಬರುವ ತನಕ ಒಬ್ಬನ ಹೊಲಕ್ಕೂ ನೀರಿಲ್ಲ. ನಾಲ್ಕು ಮನೆಯ ಸಂಬಂಧ ಕೆಡುವುದಕ್ಕೆ ಎರಡೂವರೆ ಎಚ್‌ಪಿಯ ಸುಳ್ಳು ಸಾಕು. ನಿನಗೆ ನಿಜವಾಗಿ ಏಳೂವರೆ ಬೇಕೇ? ಬೇಕೆಂದು ಬರೆಸು, ಕಟ್ಟಬೇಕಾದದ್ದನ್ನು ಕಟ್ಟು, ಟಿಸಿ ದೊಡ್ಡದಾಗಲಿ ಎಂದು ಅರ್ಜಿ ಕೊಡು. ಕದ್ದು ಮಾಡಬೇಡ.

ಮೋಟರ್ ಕೊಳ್ಳುವಾಗ ಬಣ್ಣ ನೋಡಬೇಡ, ಪಟ್ಟಿ ಓದು. ಎಚ್‌ಪಿ ಒಂದನ್ನೇ ಓದಿ ಬಿಡಬೇಡ. ಹೆಡ್ ಎಷ್ಟರಿಂದ ಎಷ್ಟರವರೆಗೆ, ಆ ಹೆಡ್ಡಿಗೆ ಲೀಟರ್ ಎಷ್ಟು, ಸ್ಟೇಜು ಎಷ್ಟು, ಆಂಪಿಯರ್ ಎಷ್ಟು, ಎಲ್ಲ ಓದು. ತ್ರೀ ಫೇಸಿನಲ್ಲಿ ಎಚ್‌ಪಿಗೆ ಸುಮಾರು ಒಂದೂವರೆ ಆಂಪಿಯರ್ ಎಂದು ಎಲೆಕ್ಟ್ರಿಷಿಯನ್‌ಗಳು ಬಾಯಿಲೆಕ್ಕ ಇಟ್ಟುಕೊಂಡಿರುತ್ತಾರೆ. ಪಟ್ಟಿಯ ಮೇಲಿನ ಅಂಕಿಗಿಂತ ಮೀಟರಿನ ಮುಳ್ಳು ತುಂಬ ಮೇಲೆ ನಿಂತರೆ ಒಳಗೆ ಏನೋ ಕೆಟ್ಟಿದೆ ಎಂದು ತಿಳಿ. ವೈಂಡಿಂಗಿಗೆ ಕೊಟ್ಟ ಮೋಟರಿನ ಪಟ್ಟಿಯನ್ನು ಕುರುಡಾಗಿ ನಂಬಬೇಡ. ಆಂಪಿಯರ್ ಅಳೆದು ನೋಡು.

ಟ್ರ್ಯಾಕ್ಟರಿಗೂ ಇದೇ ಮಾತು. 45 ಎಚ್‌ಪಿ ಎಂದು ಬರೆದದ್ದು ಎಂಜಿನ್ನಿನದು. ಹಿಂದೆ ಕಟ್ಟಿದ ಯಂತ್ರ ತಿರುಗಿಸುವ ಪಿಟಿಓ ಹಲ್ಲಿಗೆ ಬರುವಷ್ಟರಲ್ಲಿ ಕಡಿಮೆ, ನೇಗಿಲ ಕೊಂಡಿಗೆ ಬರುವಷ್ಟರಲ್ಲಿ ಇನ್ನೂ ಕಡಿಮೆ. ಭತ್ತದ ಗದ್ದೆಯ ಕೆಸರಿನಲ್ಲಿ ಗಾಲಿ ಜಾರಿದರೆ ನಿನ್ನ ಎಚ್‌ಪಿ ಕೆಸರು ಕಲಸುತ್ತದೆ, ಡೀಸೆಲ್ ಸುಡುತ್ತದೆ, ಉಳುಮೆ ಮುಂದೆ ಹೋಗುವುದಿಲ್ಲ. ಆಗ ಆಕ್ಸಿಲರೇಟರ್ ಒತ್ತುವವನು ನಿನ್ನ ವಯಸ್ಸಿನವನು. ಇಳಿದು ಕೆಸರಿನ ಆಳ ನೋಡುವವನು ಅನುಭವಿ.

ಎಚ್‌ಪಿ ದೊಡ್ಡದಾಗಬಾರದು ಎಂದು ನಾನು ಹೇಳುತ್ತಿಲ್ಲ. ದೊಡ್ಡದು ಬೇಕಾದ ಕಡೆ ದೊಡ್ಡದೇ ಬೇಕು. ಶಿವನಸಮುದ್ರದಿಂದ ಕೋಲಾರದ ಚಿನ್ನದ ಗಣಿಗೆ 1902ರಲ್ಲಿ ವಿದ್ಯುತ್ ಒಯ್ದವರು ಸಣ್ಣ ಮನಸ್ಸಿನವರಾಗಿರಲಿಲ್ಲ. ಸುಮಾರು 147 ಕಿಲೋಮೀಟರ್ ತಂತಿ ಎಳೆದರು. ಆದರೆ ಅವರು ಮೊದಲು ಜಲಪಾತದ ಎತ್ತರ ಅಳೆದರು, ಹರಿವು ಅಳೆದರು, ಗಣಿಗೆ ಬೇಕಾದ ಹೊರೆ ಅಳೆದರು. ಅಂಕಿ ಆಮೇಲೆ ಬಂತು. ನಿನ್ನದು ಉಲ್ಟಾ. ಅಂಕಿ ಮೊದಲು ಬಾಯಿಗೆ ಬರುತ್ತದೆ.

ಹಾಗಾಗಿ ನಾಳೆ ಬೆಳಿಗ್ಗೆ ಹೀಗೆ ಮಾಡು. 200 ಲೀಟರಿನ ಡ್ರಮ್ಮು ಬೋರಿನ ಬಾಯಿಗೆ ಇಡು. ಕರೆಂಟು ಬಂದು ಮೋಟರ್ ಒಂದು ತಾಸು ಓಡಲಿ, ನೀರು ಒಂದು ಮಟ್ಟಕ್ಕೆ ನಿಲ್ಲಲಿ. ಆಮೇಲೆ ಡ್ರಮ್ಮು ತುಂಬಲು ಎಷ್ಟು ಸೆಕೆಂಡು ಹಿಡಿಯುತ್ತದೆ ಎಂದು ನಿನ್ನ ಮೊಬೈಲಿನಲ್ಲೇ ನೋಡು. 80 ಸೆಕೆಂಡಿಗೆ ತುಂಬಿದರೆ ಸೆಕೆಂಡಿಗೆ ಎರಡೂವರೆ ಲೀಟರ್. ಹಗ್ಗ ಇಳಿಸಿ ನೀರಿನ ಮಟ್ಟ ಅಳೆ. ಪೈಪಿನ ಉದ್ದ ಬರೆ. ಬದುವಿನ ನೆರೆಯವರನ್ನು ಕರೆದು ಟಿಸಿಯ ಮೇಲೆ ಯಾರ ಹೊರೆ ಎಷ್ಟಿದೆ ಎಂದು ಕೇಳು, ನಮ್ಮದನ್ನು ನಿಜವಾಗಿ ಹೇಳು. ಬೇಸಿಗೆಯಲ್ಲಿ ಬೋರಿನ ನೀರು ಇನ್ನೂ ಕೆಳಗಿಳಿಯುತ್ತದೆ. ಅದನ್ನೂ ಲೆಕ್ಕಕ್ಕೆ ಹಿಡಿ. ಇಷ್ಟಾದ ಮೇಲೆ ಗುಣಿಸಿ ಭಾಗಿಸಿದ ಕಾಗದ ನನ್ನ ಕೈಗೆ ತಂದುಕೊಡು. ಲೆಕ್ಕ ಏಳೂವರೆ ಎಂದರೆ ದುಡ್ಡು ನಾನು ಕೊಡುತ್ತೇನೆ. ಐದು ಸಾಕು ಎಂದರೆ ಐದನ್ನೇ ತಾ. ಉಳಿದ ದುಡ್ಡಿಗೆ ಒಳ್ಳೆಯ ಪೈಪು ಹಾಕು.