ಸೆರೆಮನೆಯ ದಂಗೆ: ಅದರ ಕಾರಣಗಳೂ ನಾವು ಕಲಿಯತಕ್ಕ ಪಾಠವೂ

ಯಾವದಾದರೊಂದು ಸೆರೆಮನೆಯಲ್ಲಿ ಸೆರೆಯಾಳುಗಳು ದಂಗೆ ಎದ್ದರೆಂಬ ವರ್ತಮಾನವು ಕಿವಿಗೆ ಬಿದ್ದಾಗ ನಾವು ಸಾಧಾರಣವಾಗಿ ಎರಡು ಮಾತುಗಳಲ್ಲಿ ಒಂದನ್ನು ಹೇಳುತ್ತೇವೆ. “ಕಳ್ಳರೂ ಕೊಲೆಪಾತಕರೂ ಮತ್ತೇನು ಮಾಡಿಯಾರು? ಏಟು ಬಿದ್ದರೆ ತಕ್ಕದ್ದೇ ಆಯಿತು” ಎಂಬದು ಒಂದು. “ಅವರನ್ನು ದನಗಳಂತೆ ಕೂಡಿಹಾಕಿದ ಮೇಲೆ ಅವರಲ್ಲಿ ತಪ್ಪು ಹುಡುಕುವದು ನ್ಯಾಯವೋ?” ಎಂಬದು ಇನ್ನೊಂದು. ಈ ಎರಡರಲ್ಲಿಯೂ ಸ್ವಲ್ಪ ಸತ್ಯವುಂಟು. ಆದರೆ ಒಂದನ್ನೇ ಹಿಡಿದು ಇನ್ನೊಂದನ್ನು ಬಿಟ್ಟರೆ ದಾರಿ ತಪ್ಪುವೆವು. ಆದಕಾರಣ ೧೯೯೦ನೆಯ ಇಸವಿಯಲ್ಲಿ ಇಂಗ್ಲಂಡ್ ದೇಶದ ಮ್ಯಾಂಚೆಸ್ಟರ್ ಪಟ್ಟಣದೊಳಗಿನ ಸ್ಟ್ರೇಂಜ್‌ವೇಸ್ ಎಂಬ ಸೆರೆಮನೆಯಲ್ಲಿ ನಡೆದ ದಂಗೆಯನ್ನು ಈ ಪಾಠದಲ್ಲಿ ಕ್ರಮವಾಗಿ ವಿಚಾರಿಸುವೆವು. ಆ ದಂಗೆಯು ಹುಟ್ಟಿದ್ದು ದೇವಾರಾಧನೆಯ ಸ್ಥಳದಲ್ಲಿಯೇ. ಆದದರಿಂದ ಅದು ದೂರದವರ ಸಂಗತಿಯೆಂದು ನಾವು ತಳ್ಳಿಬಿಡಕೂಡದು.

೧. ಸೆರೆಮನೆಯ ಸ್ಥಿತಿ

ಈ ಸೆರೆಮನೆಯು ೧೮೬೮ರಲ್ಲಿ ತೆರೆಯಲ್ಪಟ್ಟಿತು. ನಡುವೆ ಒಂದು ದೊಡ್ಡ ಮಂಟಪ, ಅದರಿಂದ ಗಾಲಿಯ ಅರಗಳಂತೆ ನಾನಾ ಕಡೆಗೆ ಹೊರಟ ಕೋಣೆಗಳ ಸಾಲುಗಳು, ಹೀಗೆ ಅದರ ಕಟ್ಟೋಣವಿತ್ತು. ಅದರಲ್ಲಿ ಇರತಕ್ಕವರ ಸಂಖ್ಯೆಯು ೯೭೦ ಎಂದು ನೇಮಕವಾಗಿತ್ತು. ಆದರೆ ೧೯೯೦ನೇ ಎಪ್ರಿಲ್ ೧ನೇ ತಾರೀಖಿನಲ್ಲಿ ಅಲ್ಲಿ ಇದ್ದವರು ೧,೬೪೭ ಮಂದಿ. ಒಬ್ಬನಿಗಾಗಿ ಕಟ್ಟಿದ ಕೋಣೆಯಲ್ಲಿ ಇಬ್ಬರನ್ನೂ ಕೆಲವು ಕಡೆಗಳಲ್ಲಿ ಮೂವರನ್ನೂ ಇಟ್ಟಿದ್ದರು.

ಕೋಣೆಗಳೊಳಗೆ ಕಕ್ಕಸು ಇರಲಿಲ್ಲ. ಬಾಗಲು ಹಾಕಿದ ಮೇಲೆ ಅಲ್ಲಿದ್ದವರು ಒಂದು ಪಾತ್ರೆಯನ್ನೇ ಉಪಯೋಗಿಸಬೇಕು. ಬೆಳಿಗ್ಗೆ ಬಾಗಲು ತೆರೆದಾಗ ಸಾಲಾಗಿ ನಡೆದು ಅದನ್ನು ಚೆಲ್ಲಿಬರಬೇಕು. ಆ ನಾತದ ನಡುವೆಯೇ ಉಣ್ಣಬೇಕು, ಮಲಗಬೇಕು. ಅನೇಕರು ದಿವಸದ ೨೪ ತಾಸುಗಳಲ್ಲಿ ೨೨ ತಾಸು ಬೀಗದೊಳಗೇ ಇರುತ್ತಿದ್ದರು. ಕೆಲಸವು ಕೆಲವರಿಗೆ ಮಾತ್ರ ಸಿಕ್ಕುತ್ತಿತ್ತು. ತಮಗೆ ಅನ್ಯಾಯವಾಯಿತೆಂದು ದೂರು ಹೇಳಿಕೊಂಡರೆ ಅದನ್ನು ವಿಚಾರಿಸುವವರೂ ಅದೇ ಇಲಾಖೆಯವರು. ವಿನಂತಿಯನ್ನು ತಳ್ಳಿದಾಗ ಯಾತಕ್ಕೆ ತಳ್ಳಿದರೆಂದು ಬಹಳ ಸಾರಿ ತಿಳಿಸುತ್ತಿರಲಿಲ್ಲ. ಇವರಲ್ಲಿ ಇನ್ನೂ ವಿಚಾರಣೆಯಾಗದೆ ಕಾದಿದ್ದವರೂ ಉಂಟು. ಅಂಥವರನ್ನು ಅಪರಾಧಿಗಳೆಂದು ಯಾವ ನ್ಯಾಯಸ್ಥಾನವೂ ಹೇಳಿರಲಿಲ್ಲ.

ಕಾವಲುಗಾರರ ಪಾಡು ಸುಖದ್ದೆಂದು ನಾವು ತಿಳಿಯಬಾರದು. ತುಂಬಿ ತುಳುಕುವ ಮನೆಯಲ್ಲಿ ಅವರಿಗೆ ಬೀಗ ತೆರೆಯುವದೂ ಹಾಕುವದೂ ತಲೆಗಳನ್ನು ಎಣಿಸುವದೂ ಹೊರ್ತು ಒಬ್ಬ ಮನುಷ್ಯನ ಸಂಗಡ ನಿಂತು ಮಾತಾಡುವದಕ್ಕೆ ಸಮಯವೇ ಸಾಲುತ್ತಿರಲಿಲ್ಲ. ಆ ನಾತವನ್ನು ಅವರೂ ಉಸುರಾಡುತ್ತಿದ್ದರು.

೨. ಆ ಆದಿತ್ಯವಾರದಲ್ಲಿ ನಡೆದದ್ದು

ಎಪ್ರಿಲ್ ೧ನೇ ತಾರೀಖು ಆದಿತ್ಯವಾರವಾಗಿತ್ತು. ಬೆಳಿಗ್ಗೆ ಸುಮಾರು ೩೦೦ ಸೆರೆಯಾಳುಗಳು ಸೆರೆಮನೆಯ ಪ್ರಾರ್ಥನಾಲಯದಲ್ಲಿ ಕೂಡಿದ್ದರು. ಏನೋ ಗಲಭೆಯಾದೀತೆಂಬ ಸುಳಿವು ಅಧಿಕಾರಿಗಳಿಗೆ ಮುಂಚೆಯೇ ಹತ್ತಿದ್ದರಿಂದ ಹೆಚ್ಚು ಕಾವಲುಗಾರರನ್ನು ಅಲ್ಲಿ ನಿಲ್ಲಿಸಿದ್ದರು. ಆರಾಧನೆಯು ನಡೆಯುತ್ತಿರುವಾಗ ಒಬ್ಬ ಸೆರೆಯಾಳು ಎದ್ದು ಬೋಧಕರ ಮುಂದಿದ್ದ ಧ್ವನಿವರ್ಧಕವನ್ನು ಹಿಡಿದು, ತಮ್ಮ ಮನಗುದಿಯನ್ನು ಕೂಗಿ ಹೇಳತೊಡಗಿದನು. ಬೋಧಕರು ಸಮಾಧಾನದ ಮಾತುಗಳನ್ನಾಡಿ ತಡೆಯಲು ನೋಡಿದರು, ಯಾರೂ ಕೇಳಲಿಲ್ಲ. ಕ್ಷಣದಲ್ಲಿ ಕೆಲವರು ಕಾವಲುಗಾರರ ಮೇಲೆ ಬಿದ್ದು ಬೀಗದ ಕೈಗಳನ್ನು ಕಸಕೊಂಡರು. ಅಲ್ಲಿಂದ ದಂಗೆಯು ಸಾಲಿನಿಂದ ಸಾಲಿಗೆ ಹಬ್ಬಿ, ಕೆಲವರು ಮಾಡನ್ನೇರಿ ಅದನ್ನು ಕಿತ್ತು ಕೆಳಗೆ ಎಸೆಯತೊಡಗಿದರು.

ಇಲ್ಲಿ ನಾವು ಎರಡು ಸಂಗತಿಗಳನ್ನು ಒಂದರ ಪಕ್ಕದಲ್ಲಿ ಒಂದನ್ನು ಇಟ್ಟು ನೋಡಬೇಕು. ಮೊದಲನೆಯದು: ಆ ಗದ್ದಲದ ನಡುವೆ ಕೆಲವು ಸೆರೆಯಾಳುಗಳೇ ಬೋಧಕರಿಗೆ ಅಡ್ಡವಾಗಿ ನಿಂತು ಅವರನ್ನು ಕಾಪಾಡಿದರು, ಗಾಯಪಟ್ಟ ಒಬ್ಬ ಕಾವಲುಗಾರನನ್ನು ಪಕ್ಕದ ಕೋಣೆಯ ಮಾರ್ಗವಾಗಿ ಹೊರಗೆ ಸಾಗಿಸುವದಕ್ಕೆ ಬೇರೆ ಕೆಲವರು ಕೈಕೊಟ್ಟರು. ಎರಡನೆಯದು: ದಂಗೆಯವರಲ್ಲಿ ಕೆಲವರು, ಬೇರೆ ಸೆರೆಯಾಳುಗಳ ಭಯದಿಂದ ಪ್ರತ್ಯೇಕವಾಗಿ ಇಡಲ್ಪಟ್ಟಿದ್ದವರ ಕೋಣೆಗಳನ್ನು ಒಡೆದು ಒಳಗೆ ನುಗ್ಗಿ ಅವರನ್ನು ಕ್ರೂರವಾಗಿ ಹೊಡೆದರು. ಹಾಗೆ ಏಟು ತಿಂದವರಲ್ಲಿ ಒಬ್ಬನು ಆಸ್ಪತ್ರೆಯಲ್ಲಿ ಸತ್ತನು. ಆತನ ವಿಚಾರಣೆಯು ಇನ್ನೂ ಆಗಿರಲಿಲ್ಲ. ತಮಗೆ ನ್ಯಾಯವಿಲ್ಲವೆಂದು ಮಾಡಿನ ಮೇಲೆ ನಿಂತು ಕೂಗಿದವರ ಸಂಗಡಿಗರೇ ಕೆಳಗೆ ತಮಗಿಂತ ಬಲಹೀನರಿಗೆ ವಿಚಾರಣೆಯಿಲ್ಲದೆ ತೀರ್ಪು ಕೊಟ್ಟರು.

ಹೊರಗಿನ ಲೋಕವೂ ನಿರ್ದೋಷಿಯಾಗಿ ಉಳಿಯಲಿಲ್ಲ. ಒಳಗೆ ಇಪ್ಪತ್ತು ಮೂವತ್ತು ಮಂದಿ ಸತ್ತರೆಂದು ವರ್ತಮಾನಪತ್ರಗಳು ದೊಡ್ಡ ಅಕ್ಷರಗಳಲ್ಲಿ ಅಚ್ಚುಹಾಕಿದವು. ಅದು ಸುಳ್ಳಾಗಿತ್ತು. ಮೇಲೆ ಹೇಳಿದ ಸೆರೆಯಾಳು ಒಬ್ಬನು, ಹೃದಯದ ಬೇನೆಯಿಂದ ಒಬ್ಬ ಕಾವಲುಗಾರನು, ಇವರಿಬ್ಬರೇ ಸತ್ತವರು. ಗಾಯಪಟ್ಟವರು ಕಾವಲುಗಾರರಲ್ಲಿ ೧೪೭, ಸೆರೆಯಾಳುಗಳಲ್ಲಿ ೪೭. ಎಣಿಸದೆ ಹೇಳಿದ ಆ ಸುದ್ದಿಯನ್ನು ಕೇಳಿ ಎಷ್ಟು ತಾಯಂದಿರು ಆ ಗೋಡೆಯ ಹೊರಗೆ ಎದೆ ಬಡಕೊಂಡಿರಬೇಕು!

ಹೆಚ್ಚಿನ ಸೆರೆಯಾಳುಗಳು ಒಂದೆರಡು ದಿವಸಗಳಲ್ಲಿಯೇ ಹೊರಗೆ ಬಂದರು. ಕೆಲವರು ಮಾತ್ರ ಮಾಡಿನ ಮೇಲೆ ಉಳಿದರು. ಎಪ್ರಿಲ್ ೨೫ನೇ ತಾರೀಖಿನಲ್ಲಿ ಕಡೆಯ ಐವರು ಕೆಳಗಿಳಿದಾಗ ದಂಗೆಯು ೨೫ ದಿವಸಗಳದ್ದಾಗಿತ್ತು. ಅಷ್ಟರೊಳಗೆ ಅದರ ಕಿಡಿಯು ಬ್ರಿಸ್ಟಲ್, ಕಾರ್ಡಿಫ್, ಡಾರ್ಟ್‌ಮೂರ್ ಮುಂತಾದ ಬೇರೆ ಸೆರೆಮನೆಗಳಿಗೂ ಹಾರಿತ್ತು. ಮುಂದೆ ದಂಗೆಯ ಮುಖಂಡರು ನ್ಯಾಯಸ್ಥಾನದ ಮುಂದೆ ನಿಲ್ಲಿಸಲ್ಪಟ್ಟು, ಅವರಲ್ಲಿ ಕೆಲವರಿಗೆ ಹತ್ತು ವರುಷಗಳ ಹೆಚ್ಚಿನ ಸೆರೆಯಾಯಿತು.

೩. ನ್ಯಾಯಾಧಿಪತಿಯು ಕಂಡುಕೊಂಡದ್ದು

ದಂಗೆಯ ಕಾರಣಗಳನ್ನು ವಿಚಾರಿಸುವದಕ್ಕೆ ಸರಕಾರದವರು ಲಾರ್ಡ್ ವುಲ್ಫ್ ಎಂಬ ಹಿರಿಯ ನ್ಯಾಯಾಧಿಪತಿಯನ್ನು ನೇಮಿಸಿದರು. ಇವರು ಮೇಲಧಿಕಾರಿಗಳ ಮಾತನ್ನು ಮಾತ್ರ ಕೇಳಿ ತೃಪ್ತಿಪಡಲಿಲ್ಲ. ದಂಗೆಯಾದ ಸೆರೆಮನೆಗಳ ಸೆರೆಯಾಳುಗಳಿಗೂ ಕಾವಲುಗಾರರಿಗೂ ಪತ್ರ ಬರೆದು, ಅವರವರ ಅನುಭವವನ್ನು ಬರಮಾಡಿಕೊಂಡರು. ಅವರ ವರದಿಯು ೧೯೯೧ನೇ ಫೆಬ್ರುವರಿಯಲ್ಲಿ ಪ್ರಕಟವಾಯಿತು.

ಸೆರೆಮನೆಗೆ ಮೂರು ಸಂಗತಿಗಳು ಅಗತ್ಯವೆಂದು ಅವರು ತೋರಿಸಿದರು. ಸೆರೆಯಾಳುಗಳು ತಪ್ಪಿಸಿಕೊಂಡು ಹೋಗದಂತೆ ಕಾವಲು ಬೇಕು; ಒಳಗೆ ಗಲಭೆಯಾಗದಂತೆ ಶಿಸ್ತು ಬೇಕು; ಒಳಗಿರುವವರನ್ನು ಮನುಷ್ಯರೆಂದೆಣಿಸಿ ನಡಿಸುವ ನ್ಯಾಯವೂ ಬೇಕು. ಈ ಮೂರೂ ಸಮತೂಕವಾಗಿರಬೇಕು. ನಮ್ಮ ಮನೆಗಳ ಒಲೆಗೆ ಮೂರು ಗುಂಡುಗಳಿರುತ್ತವಷ್ಟೆ. ಎರಡು ಗುಂಡುಗಳನ್ನು ಎಷ್ಟು ದೊಡ್ಡದಾಗಿ ಇಟ್ಟರೂ ಮೂರನೆಯದು ಇಲ್ಲದಿದ್ದರೆ ಗಡಿಗೆಯು ಮಗುಚುವದು. ಮಗುಚಿದಾಗ ಗಂಜಿಯೂ ಹೋಗುವದು, ಬೆಂಕಿಯೂ ಆರುವದು, ಹತ್ತಿರವಿದ್ದವನ ಕಾಲೂ ಸುಡುವದು. ಸ್ಟ್ರೇಂಜ್‌ವೇಸಿನಲ್ಲಿ ಬೀಗಗಳೂ ಗೋಡೆಗಳೂ ಕಡಿಮೆಯಾಗಿರಲಿಲ್ಲ. ತಮಗೆ ನ್ಯಾಯ ದೊರಕುವದೆಂಬ ನಂಬಿಕೆಯೇ ಕಡಿಮೆಯಾಗಿತ್ತು. ಹೀಗೆ ಹೇಳಿದ ನ್ಯಾಯಾಧಿಪತಿಯು ದಂಗೆಯನ್ನು ಒಪ್ಪಲಿಲ್ಲ. ನಡೆದ ಹಿಂಸೆಗೆ ಅದನ್ನು ಮಾಡಿದವರೇ ಉತ್ತರವಾದಿಗಳೆಂದು ಎಣಿಸಿದರು. ಆದರೆ ಅಂಥವರ ಮಾತಿಗೆ ಅಷ್ಟು ಮಂದಿ ಯಾತಕ್ಕೆ ಕಿವಿಗೊಟ್ಟರೆಂಬ ಪ್ರಶ್ನೆಯನ್ನೂ ಅವರು ಬಿಡಲಿಲ್ಲ.

ವರದಿಯಿಂದ ಫಲವುಂಟಾಯಿತು. ಸೆರೆಯಾಳುಗಳು ಮನೆಯವರ ಸಂಗಡ ಟೆಲಿಫೋನಿನಲ್ಲಿ ಮಾತಾಡುವ ಅನುಕೂಲವು ಹೆಚ್ಚಿತು. ೧೯೯೪ರಲ್ಲಿ ಅವರ ದೂರುಗಳನ್ನು ಕೇಳುವದಕ್ಕೆ ಸೆರೆಮನೆಯ ಇಲಾಖೆಗೆ ಹೊರತಾದ ಒಬ್ಬ ಅಧಿಕಾರಿಯ ನೇಮಕವಾಯಿತು. ಪಾತ್ರೆ ಚೆಲ್ಲುವ ಆ ಹೇಯವಾದ ಪದ್ಧತಿಯು ಇಂಗ್ಲಂಡಿನಲ್ಲಿಯೂ ವೇಲ್ಸಿನಲ್ಲಿಯೂ ೧೯೯೬ರಲ್ಲಿ ಮುಗಿಯಿತೆಂದು ಸಾರಲ್ಪಟ್ಟಿತು. ಆದರೆ ನೇಮಕವಾದ ಸಂಖ್ಯೆಗಿಂತ ಹೆಚ್ಚು ಜನರನ್ನು ತುಂಬಬಾರದೆಂಬ ಮುಖ್ಯವಾದ ಬುದ್ಧಿಮಾತು ಕಾನೂನಾಗಲಿಲ್ಲ. ಆ ದೇಶದ ಸೆರೆಯಾಳುಗಳು ೧೯೯೦ರಲ್ಲಿ ಸುಮಾರು ೪೫,೦೦೦ ಮಂದಿ ಇದ್ದರು. ಈ ಶತಮಾನದಲ್ಲಿ ಆ ಸಂಖ್ಯೆಯು ೮೦,೦೦೦ವನ್ನು ದಾಟಿತು. ಬೆಂಕಿಯ ನೆನಪು ಇರುವ ತನಕ ಮನುಷ್ಯರು ಬಾವಿಯನ್ನು ತೋಡುತ್ತಾರೆ. ನೆನಪು ಆರಿದ ಮೇಲೆ ಅರ್ಧಕ್ಕೇ ಬಿಡುತ್ತಾರೆ.

೪. ನಮಗೆ ಪಾಠ

ಮೊದಲನೆಯದಾಗಿ, ಪಾಪದ ಕಾರಣವನ್ನು ತಿಳಿಯುವದು ಒಂದು, ಪಾಪವನ್ನು ನೀತಿಯೆನ್ನುವದು ಬೇರೊಂದು. ಬಾಧೆಪಟ್ಟವನು ತಾನು ಬಾಧಿಸುವದಕ್ಕೆ ಅಪ್ಪಣೆ ಪಡೆದವನಲ್ಲ. ಒಂದೇ ಸೆರೆಮನೆಯಲ್ಲಿ, ಒಂದೇ ನಾತದಲ್ಲಿ ಇದ್ದವರೊಳಗೆ ಒಬ್ಬನು ಬಲಹೀನನ ಬಾಗಲನ್ನು ಒಡೆದನು, ಇನ್ನೊಬ್ಬನು ಗಾಯಪಟ್ಟ ಕಾವಲುಗಾರನಿಗೆ ಹೆಗಲು ಕೊಟ್ಟನು.

ಎರಡನೆಯದಾಗಿ, ಬೀಗದ ಕೈ ಯಾರಲ್ಲಿದೆಯೋ ಅವರ ಹೊಣೆಯು ಹೆಚ್ಚು. ಇದು ಸೆರೆಮನೆಯ ಅಧಿಕಾರಿಗೆ ಮಾತ್ರ ಹೇಳಿದ ಮಾತಲ್ಲ. ಮನೆಯ ಯಜಮಾನನಿಗೂ ಶಾಲೆಯ ಉಪಾಧ್ಯಾಯನಿಗೂ ಸಭೆಯ ಹಿರಿಯರಿಗೂ ನಮಗೂ ಇದು ತಗಲುತ್ತದೆ. ನಮ್ಮ ಕೈಕೆಳಗಿನವನು ದೂರು ಹೇಳಿಕೊಂಡಾಗ “ಆಗುವದಿಲ್ಲ” ಎಂದು ತಳ್ಳುವದು ಸುಲಭ. ಯಾತಕ್ಕೆ ಆಗುವದಿಲ್ಲವೆಂದು ಕೂತು ತಿಳಿಸುವದು ಕಷ್ಟ. ಆದರೆ ಆ ಕಷ್ಟವನ್ನು ತಕ್ಕೊಳ್ಳದಿದ್ದರೆ ಆತನ ಸಿಟ್ಟು ಒಳಗೇ ಕೊಳೆಯುವದು.

ಮೂರನೆಯದಾಗಿ, ಸೆರೆಗೆ ಹೋದವರಲ್ಲಿ ಬಹುಮಂದಿ ಒಂದು ದಿವಸ ಊರಿಗೆ ತಿರಿಗಿ ಬರುವರು. ಅಂಥವನು ಬಂದು ಜಗಲಿಯ ಮೇಲೆ ಕೂತಿದ್ದರೆ ಆ ಮನೆಯ ಮುಂದೆ ಜನರು ನಡೆಯುವ ವೇಗವೇ ಬೇರೆಯಾಗುವದನ್ನು ನಾವು ನೋಡಿದ್ದೇವೆ. ಬಾವಿಯ ಹತ್ತಿರ ಆತನ ಹೆಂಡತಿಗೆ ಯಾರೂ ಮಾತು ಕೊಡುವದಿಲ್ಲ. ಕೂಲಿಗೆ ಆತನನ್ನು ಯಾರೂ ಕರೆಯುವದಿಲ್ಲ. ಸರಕಾರವು ತೆರೆದ ಬಾಗಲನ್ನು ನಾವು ಹಾಕಿಬಿಟ್ಟರೆ ಆತನ ಶಿಕ್ಷೆಯು ಮುಗಿಯುವದು ಯಾವಾಗ? ಫಿಲಿಪ್ಪಿಯ ಸೆರೆಮನೆಯ ಯಜಮಾನನನ್ನು ನೆನಸಿಕೊಳ್ಳಿರಿ (ಅಪೊಸ್ತಲರ ಕೃತ್ಯಗಳು ೧೬). ಸಾಯಂಕಾಲದಲ್ಲಿ ಪೌಲನ ಕಾಲುಗಳಿಗೆ ಕೋಳ ಹಾಕಿದವನು, ಅದೇ ರಾತ್ರಿಯಲ್ಲಿ ಆತನ ಗಾಯಗಳನ್ನು ತೊಳೆದು ತನ್ನ ಮನೆಯಲ್ಲಿ ಊಟಕ್ಕೆ ಕುಳ್ಳಿರಿಸಿದನು.

ಕೂಟಗಳಲ್ಲಿ ವಿಚಾರಿಸತಕ್ಕ ಪ್ರಶ್ನೆಗಳು

೧. ಸ್ಟ್ರೇಂಜ್‌ವೇಸ್ ಸೆರೆಮನೆಯಲ್ಲಿ ದಂಗೆಗೆ ಮುಂಚೆ ಇದ್ದ ಕೊರತೆಗಳು ಯಾವವು?
೨. ದಂಗೆಯವರು ಯಾವ ಸಂಗತಿಯಲ್ಲಿ ತಾವು ದೂರಿದ ಅನ್ಯಾಯವನ್ನೇ ಮಾಡಿದರು?
೩. ಒಲೆಯ ಮೂರು ಗುಂಡುಗಳಿಗೆ ಹೋಲಿಸಲ್ಪಟ್ಟ ಮೂರು ಸಂಗತಿಗಳನ್ನು ಹೇಳಿರಿ. ನಮ್ಮ ಮನೆಯಲ್ಲಿ ಇವುಗಳಲ್ಲಿ ಯಾವದು ಚಿಕ್ಕದಾಗಿದೆ?
೪. ಸೆರೆಯಿಂದ ಬಿಡುಗಡೆಯಾದವನೊಬ್ಬನು ಬರುವ ವಾರ ನಮ್ಮ ಊರಿಗೆ ಬಂದರೆ, ಆತನ ಮನೆಗೆ ಮೊದಲು ಹೋಗುವವರು ಯಾರು?