ಕಂಪ್ಯೂಟರ್‌ನಿಂದ ಫೋನಿಗೆ ಗೇಮ್: ಮೊದಲು ವೋಚರ್, ಆಮೇಲೆ ಎಂಟ್ರಿ



ನಮ್ಮ ಕಾಲೇಜಿನಲ್ಲಿ ಫೋನಿನಲ್ಲಿ ಗೇಮ್ ಆಡದವರು ತುಂಬ ಕಡಿಮೆ. ಆದರೆ ಗೇಮ್ ಫೋನಿನೊಳಗೆ ಹೇಗೆ ಬರುತ್ತದೆ, ಯಾರು ಕಳಿಸುತ್ತಾರೆ ಎಂದು ಯೋಚಿಸುವವರು ಇನ್ನೂ ಕಡಿಮೆ. ಕಳೆದ ದಸರಾ ರಜೆಯವರೆಗೆ ನಾನೂ ಯೋಚಿಸಿರಲಿಲ್ಲ.

ನಮ್ಮ ಅಬ್ಬಾ ಬಳೆ ಅಂಗಡಿ ಇಟ್ಟಿದ್ದಾರೆ. ಅಂಗಡಿಯ ಬ್ಯಾಂಕ್ ಖಾತೆಗೆ ಜೋಡಿಸಿದ ಸಿಮ್ ಅವರ ಹಳೆಯ ಫೋನಿನಲ್ಲಿದೆ. ಸಂಜೆ ಮನೆಗೆ ಬಂದ ಮೇಲೆ ಅದೇ ಫೋನ್ ನನ್ನ ತಮ್ಮನ ಕೈಗೆ ಹೋಗುತ್ತಿತ್ತು. ಅವನು ಆರನೇ ತರಗತಿ. ಒಂದು ದಿನ, "ಆಪಾ, ಈ ಗೇಮ್‌ನಲ್ಲಿ ಎಷ್ಟು ಬೇಕಾದರೂ ಕಾಯಿನ್ ಸಿಗುತ್ತಂತೆ, ಹಾಕಿಕೊಡು" ಎಂದು ದುಂಬಾಲು ಬಿದ್ದ. ಫೋನಿನ ಡೇಟಾ ಮುಗಿದಿತ್ತು. ನಾನು ಸಂಬಂಧಿಕರ ಮನೆಯ ಕಂಪ್ಯೂಟರ್‌ನಲ್ಲಿ ಆ ಫೈಲ್ ಇಳಿಸಿ, ಕೇಬಲ್ ಹಾಕಿ ಫೋನಿಗೆ ತುಂಬಿದೆ. ಆ ಪುಟದಲ್ಲಿ ಎರಡು ಸೂಚನೆ ಇದ್ದವು: ಮೊದಲು ಅಸಲಿ ಗೇಮ್ ತೆಗೆದುಹಾಕಿ, ಪ್ಲೇ ಪ್ರೊಟೆಕ್ಟ್ ಆಫ್ ಮಾಡಿ. ಎರಡನ್ನೂ ಪಾಲಿಸಿದೆ. ಗೇಮ್ ಎಸ್‌ಎಂಎಸ್ ಓದುವ ಅನುಮತಿ ಕೇಳಿತು. ಅದನ್ನೂ ಕೊಟ್ಟೆ. ಕಂಪ್ಯೂಟರ್ ಕಲಿತವಳು ಎಂಬ ಜಂಬ ಬೇರೆ.

ಮೂರು ದಿನದ ಮೇಲೆ ಆ ಗೇಮ್, ಕಾಯಿನ್ ತೆರೆಯಲು ಒಂದು ರೂಪಾಯಿ ಕಟ್ಟಿ ಎಂದು ಕಾರ್ಡ್ ನಂಬರ್ ಕೇಳಿತು. ತಮ್ಮ ಅಬ್ಬಾನ ಕಾರ್ಡ್ ನೋಡಿ ಮುಂದಿನ ಹಿಂದಿನ ಅಂಕಿಗಳನ್ನೆಲ್ಲ ತುಂಬಿದ. ಅವನು ಯಾರಿಗೂ ಒಟಿಪಿ ಹೇಳಲಿಲ್ಲ. ಹೇಳುವ ಅಗತ್ಯವೇ ಇರಲಿಲ್ಲ, ಎಸ್‌ಎಂಎಸ್ ಓದುವ ಅನುಮತಿ ನಾನು ಮೊದಲೇ ಕೊಟ್ಟಿದ್ದೆನಲ್ಲ! ಎರಡು ಸಲ ಸೇರಿ 7,800 ರೂಪಾಯಿ ಹೋಯಿತು. ಸಗಟು ವ್ಯಾಪಾರಿಗೆ ಕೊಡಬೇಕಿದ್ದ ಹಣ ಅದು.

ಅಬ್ಬಾ ಬೈಯಲಿಲ್ಲ. ರಾತ್ರಿ ಲೆಕ್ಕದ ಪುಸ್ತಕ ತೆರೆದು, "ಇದನ್ನು ಯಾವ ಖಾತೆಗೆ ಬರೆಯಲಿ? ನೀನು ಕಾಮರ್ಸ್ ಓದುತ್ತೀಯಲ್ಲ" ಎಂದರು. "ಕಳವಿನಿಂದ ನಷ್ಟ" ಎಂದು ನಾನೇ ಬರೆದೆ. ಪುಸ್ತಕದಲ್ಲಿ ಅದು ನನ್ನ ಅಕ್ಷರದಲ್ಲೇ ಇದೆ.

ಆಮೇಲೆ ಕಂಪ್ಯೂಟರ್ ಸೈನ್ಸ್ ಮೇಡಂ ಹತ್ತಿರ ಕೂತು ಈ ವಿಷಯ ಮೊದಲಿನಿಂದ ಕಲಿತೆ. ಕಲಿತದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ಕಂಪ್ಯೂಟರ್‌ನಿಂದ ಗೇಮ್ ಹಾಕುವುದು ತಪ್ಪಲ್ಲ. ಸಿಮ್ ಇಲ್ಲದ ಟ್ಯಾಬ್ಲೆಟ್ ಇರುವವರಿಗೆ, ದಿನದ ಡೇಟಾ ಬೇಗ ಮುಗಿಯುವವರಿಗೆ ಅದು ಅನುಕೂಲ. ಒಂದು ಸಲ ಇಳಿಸಿದ ಫೈಲನ್ನು ಎರಡು ಮೂರು ಸಾಧನಗಳಿಗೆ ಹಾಕಬಹುದು. ತಪ್ಪು ಕೇಬಲ್‌ನದ್ದಲ್ಲ, ಫೈಲ್ ಎಲ್ಲಿಂದ ಬಂತು ಎಂದು ನೋಡದೇ ಇರುವುದು ತಪ್ಪು. ಅಕೌಂಟೆನ್ಸಿಯಲ್ಲಿ ನಮಗೆ ಮೊದಲು ಕಲಿಸುವುದೇ ಇದನ್ನು: ವೋಚರ್ ಇಲ್ಲದೆ ಎಂಟ್ರಿ ಇಲ್ಲ.

ಎಪಿಕೆ ಎಂದರೇನು?

ಆಂಡ್ರಾಯ್ಡ್ ಗೇಮ್‌ಗಳು ಎಪಿಕೆ ಎಂಬ ಫೈಲಿನಲ್ಲಿ ಬರುತ್ತವೆ. ಆಂಡ್ರಾಯ್ಡ್ ಪ್ಯಾಕೇಜ್ ಎಂಬುದರ ಚಿಕ್ಕ ರೂಪ ಅದು. ನಿಜದಲ್ಲಿ ಅದೊಂದು ಜಿಪ್ ಪೆಟ್ಟಿಗೆ. ಒಳಗೆ ಗೇಮ್‌ನ ಪ್ರೋಗ್ರಾಂ, ಚಿತ್ರ, ಧ್ವನಿ ಇರುತ್ತವೆ. ಮ್ಯಾನಿಫೆಸ್ಟ್ ಎಂಬ ಪಟ್ಟಿ ಇರುತ್ತದೆ. ಈ ಗೇಮ್ ಯಾವ ಯಾವ ಅನುಮತಿ ಕೇಳಬಹುದು ಎಂಬುದು ಅದರಲ್ಲಿ ಬರೆದಿರುತ್ತದೆ. ಕೊನೆಗೆ ತಯಾರಕರ ಡಿಜಿಟಲ್ ಸಹಿ ಇರುತ್ತದೆ.

ಈ ಸಹಿ ಬಹಳ ಮುಖ್ಯ. ಯಾರಾದರೂ ಪೆಟ್ಟಿಗೆ ಬಿಚ್ಚಿ ಒಳಗೆ ಏನಾದರೂ ಸೇರಿಸಿದರೆ ಹಳೆಯ ಸಹಿ ಮುರಿಯುತ್ತದೆ. ಅವರು ತಮ್ಮದೇ ಸಹಿ ಹಾಕಬೇಕಾಗುತ್ತದೆ. ಫೋನಿನಲ್ಲಿ ಅಸಲಿ ಗೇಮ್ ಇರುವಾಗ ಅದೇ ಹೆಸರಿನ, ಬೇರೆ ಸಹಿಯ ಫೈಲನ್ನು ಅದರ ಮೇಲೆ ಹಾಕಲು ಆಂಡ್ರಾಯ್ಡ್ ಬಿಡುವುದಿಲ್ಲ. ಅದಕ್ಕೇ ಆ ಪುಟ "ಮೊದಲು ಅಸಲಿ ಗೇಮ್ ತೆಗೆಯಿರಿ" ಎಂದು ಹೇಳಿತ್ತು. ಅಂದು ಫೋನ್ ನಮ್ಮನ್ನು ತಡೆಯುತ್ತಿತ್ತು, ನಾನೇ ಬಾಗಿಲು ತೆಗೆದುಕೊಟ್ಟೆ. ಇಂಥ ಸೂಚನೆ ಕಂಡರೆ ಅಲ್ಲೇ ನಿಲ್ಲಿ.

ಮೊದಲ ದಾರಿ: ಕಂಪ್ಯೂಟರ್‌ನಲ್ಲಿ ಪ್ಲೇ ಸ್ಟೋರ್

ಇದು ಎಲ್ಲಕ್ಕಿಂತ ಸುಲಭ, ಸುರಕ್ಷಿತ. ಕಂಪ್ಯೂಟರ್‌ನ ಬ್ರೌಸರ್‌ನಲ್ಲಿ ಗೂಗಲ್ ಪ್ಲೇ ತೆರೆಯಿರಿ. ಫೋನಿನಲ್ಲಿರುವ ಗೂಗಲ್ ಖಾತೆಯಿಂದಲೇ ಲಾಗಿನ್ ಆಗಿ. ಗೇಮ್ ಹುಡುಕಿ ಇನ್‌ಸ್ಟಾಲ್ ಒತ್ತಿದರೆ ನಿಮ್ಮ ಖಾತೆಯಲ್ಲಿರುವ ಫೋನ್, ಟ್ಯಾಬ್ಲೆಟ್‌ಗಳ ಹೆಸರು ಕಾಣುತ್ತದೆ. ಬೇಕಾದದ್ದನ್ನು ಆರಿಸಿದರೆ ಮುಗಿಯಿತು. ಸಾಧನಕ್ಕೆ ಇಂಟರ್ನೆಟ್ ಸಿಕ್ಕಾಗ ಗೇಮ್ ತಾನೇ ಇಳಿಯುತ್ತದೆ.

ಒಂದು ವಿಷಯ ನೆನಪಿರಲಿ. ಇಲ್ಲಿ ಕಂಪ್ಯೂಟರ್ ಬರೀ ರಿಮೋಟ್ ಇದ್ದಂತೆ. ಫೈಲ್ ಇಳಿಯುವುದು ಫೋನಿನ ಇಂಟರ್ನೆಟ್‌ನಿಂದಲೇ, ಹಾಗಾಗಿ ಡೇಟಾ ಉಳಿಯುವುದಿಲ್ಲ. ಆದರೆ ದೊಡ್ಡ ಪರದೆಯಲ್ಲಿ ತಯಾರಕರ ಹೆಸರು, ಅಭಿಪ್ರಾಯಗಳು, ಅನುಮತಿಗಳ ಪಟ್ಟಿ ಎಲ್ಲವನ್ನೂ ನಿಧಾನವಾಗಿ ಓದಬಹುದು. ಕಾಲೇಜಿನ ಲ್ಯಾಬ್‌ನಲ್ಲಿ ಹೀಗೆ ಮಾಡಿದರೆ ಎದ್ದು ಬರುವ ಮೊದಲು ಲಾಗ್‌ಔಟ್ ಆಗಲೇಬೇಕು.

ಎರಡನೇ ದಾರಿ: ಕೇಬಲ್‌ನಿಂದ ಫೈಲ್ ಕಾಪಿ

ಕೇಬಲ್ ಸಿಕ್ಕಿಸಿದಾಗ ಫೋನ್ ಸಾಮಾನ್ಯವಾಗಿ ಚಾರ್ಜ್ ಮಾತ್ರ ಆಗುತ್ತದೆ. ಮೇಲಿನಿಂದ ಪರದೆ ಎಳೆದು ಯುಎಸ್‌ಬಿ ಸೂಚನೆ ಒತ್ತಿ, ಫೈಲ್ ಟ್ರಾನ್ಸ್‌ಫರ್ ಆರಿಸಿ. ಕಂಪ್ಯೂಟರ್‌ನಲ್ಲಿ ಫೋನಿನ ಹೆಸರು ಬರುತ್ತದೆ. ಬರದಿದ್ದರೆ ಕೇಬಲ್ ಬದಲಿಸಿ ನೋಡಿ. ಕೆಲವು ಕೇಬಲ್‌ಗಳು ಚಾರ್ಜಿಗೆ ಮಾತ್ರ ಬರುತ್ತವೆ. ಎಪಿಕೆ ಫೈಲನ್ನು ಡೌನ್‌ಲೋಡ್ ಫೋಲ್ಡರ್‌ಗೆ ಕಾಪಿ ಮಾಡಿ, ಫೋನಿನ ಫೈಲ್ ಮ್ಯಾನೇಜರ್‌ನಲ್ಲಿ ಅದನ್ನು ಒತ್ತಿ.

ಆಗ ಫೋನ್, "ಈ ಮೂಲದಿಂದ ಹಾಕಲು ಅನುಮತಿ ಇಲ್ಲ" ಎನ್ನುತ್ತದೆ. ಹಿಂದೆ ಎಲ್ಲದಕ್ಕೂ ಸೇರಿ ಒಂದೇ ಸ್ವಿಚ್ ಇತ್ತು. 2017ರಲ್ಲಿ ಬಂದ ಆಂಡ್ರಾಯ್ಡ್ 8ರಿಂದ ಒಂದೊಂದು ಆ್ಯಪ್‌ಗೂ ಬೇರೆ ಬೇರೆ ಅನುಮತಿ ಕೊಡಬೇಕು. ಫೈಲ್ ಮ್ಯಾನೇಜರ್‌ಗೆ ಮಾತ್ರ ಕೊಡಿ, ಕೆಲಸ ಮುಗಿದ ಕೂಡಲೇ ವಾಪಸ್ ತೆಗೆಯಿರಿ. ತೆರೆದ ಸ್ವಿಚ್ ಎಂದರೆ ಬೀಗ ಹಾಕದ ಗಲ್ಲಾಪೆಟ್ಟಿಗೆ.

ಮೂರನೇ ದಾರಿ: ಎಡಿಬಿ

ಇದು ಪ್ರೋಗ್ರಾಂ ಬರೆಯುವವರು ಬಳಸುವ ದಾರಿ. ಸ್ವಲ್ಪ ಉದ್ದ, ಆದರೆ ಕಲಿಯಲು ಚೆನ್ನಾಗಿದೆ.

1. ಗೂಗಲ್‌ನ ಆಂಡ್ರಾಯ್ಡ್ ಡೆವಲಪರ್ ತಾಣದಿಂದ ಪ್ಲಾಟ್‌ಫಾರ್ಮ್ ಟೂಲ್ಸ್ ಎಂಬ ಜಿಪ್ ಫೈಲ್ ಇಳಿಸಿ ಬಿಚ್ಚಿ. ಬೇರೆ ಕಡೆಯಿಂದ ಇಳಿಸಬೇಡಿ.

2. ಫೋನಿನ ಸೆಟ್ಟಿಂಗ್ಸ್‌ನಲ್ಲಿ ಬಿಲ್ಡ್ ನಂಬರ್ ಹುಡುಕಿ ಅದನ್ನು 7 ಸಲ ಒತ್ತಿ. ಡೆವಲಪರ್ ಆಪ್ಷನ್ಸ್ ತೆರೆದುಕೊಳ್ಳುತ್ತದೆ. ಅದರಲ್ಲಿ ಯುಎಸ್‌ಬಿ ಡೀಬಗ್ಗಿಂಗ್ ಆನ್ ಮಾಡಿ. ಕೆಲವು ಫೋನ್‌ಗಳಲ್ಲಿ ಯುಎಸ್‌ಬಿ ಮೂಲಕ ಇನ್‌ಸ್ಟಾಲ್ ಎಂಬ ಇನ್ನೊಂದು ಸ್ವಿಚ್ ಇರುತ್ತದೆ.

3. ಟೂಲ್ಸ್ ಫೋಲ್ಡರ್‌ನಲ್ಲಿ ಕಮಾಂಡ್ ಪ್ರಾಂಪ್ಟ್ ತೆರೆದು "ಎಡಿಬಿ ಡಿವೈಸಸ್" ಎಂಬ ಆಜ್ಞೆ ಕೊಡಿ. ಈ ಕಂಪ್ಯೂಟರ್ ನಂಬಬಹುದೇ ಎಂದು ಫೋನ್ ಕೇಳುತ್ತದೆ. ಒಪ್ಪಿಗೆ ಕೊಡಿ. ಆದರೆ ಬೇರೆಯವರ ಕಂಪ್ಯೂಟರ್ ಆದರೆ "ಯಾವಾಗಲೂ" ಎಂಬಲ್ಲಿ ಗುರುತು ಹಾಕಬೇಡಿ.

4. "ಎಡಿಬಿ ಇನ್‌ಸ್ಟಾಲ್" ಎಂದು ಟೈಪ್ ಮಾಡಿ, ಜಾಗ ಬಿಟ್ಟು ಫೈಲಿನ ಹೆಸರು ಕೊಟ್ಟು ಎಂಟರ್ ಒತ್ತಿ. ಸಕ್ಸೆಸ್ ಎಂದು ಬಂದರೆ ಗೇಮ್ ಕೂತಿದೆ ಎಂದರ್ಥ. ಬರದಿದ್ದರೆ ಕಾರಣ ಅಲ್ಲೇ ಬರೆದಿರುತ್ತದೆ: ಜಾಗ ಸಾಲದು, ಆಂಡ್ರಾಯ್ಡ್ ಹಳೆಯದು, ಸಹಿ ಹೊಂದುತ್ತಿಲ್ಲ, ಹೀಗೆ.

5. ಕೊನೆಗೆ ಯುಎಸ್‌ಬಿ ಡೀಬಗ್ಗಿಂಗ್ ಆಫ್ ಮಾಡಿ.

ದೊಡ್ಡ ಗೇಮ್‌ಗಳು ಒಂದೇ ಎಪಿಕೆಯಲ್ಲಿ ಸಿಗುವುದು ಈಗ ಕಷ್ಟ. 2021ರ ಆಗಸ್ಟ್‌ನಿಂದ ಪ್ಲೇ ಸ್ಟೋರ್‌ಗೆ ಬರುವ ಹೊಸ ಆ್ಯಪ್‌ಗಳು ಆ್ಯಪ್ ಬಂಡಲ್ ರೂಪದಲ್ಲೇ ಇರಬೇಕು. ಪ್ರತಿ ಫೋನಿಗೂ ಅದಕ್ಕೆ ಬೇಕಾದ ತುಂಡುಗಳನ್ನಷ್ಟೇ ಪ್ಲೇ ಸ್ಟೋರ್ ಕಳಿಸುತ್ತದೆ. ಅಂಥ ಗೇಮ್‌ಗೆ ಮೊದಲ ದಾರಿಯೇ ಸರಿ.

ಐಫೋನ್, ಐಪ್ಯಾಡ್ ಇರುವವರಿಗೆ ಒಂದು ಮಾತು. ಹಿಂದೆ ಐಟ್ಯೂನ್ಸ್‌ನಿಂದ ಗೇಮ್ ಹಾಕಬಹುದಿತ್ತು. 2017ರ ಸೆಪ್ಟೆಂಬರ್‌ನಲ್ಲಿ ಬಂದ 12.7ನೇ ಆವೃತ್ತಿಯಲ್ಲಿ ಆ ಸೌಲಭ್ಯ ತೆಗೆದರು. ನಮ್ಮಂಥ ಸಾಮಾನ್ಯ ಬಳಕೆದಾರರಿಗೆ ಸಾಧನದಲ್ಲೇ ಇರುವ ಆ್ಯಪ್ ಸ್ಟೋರ್ ಸಾಕು.

ವೋಚರ್ ಪರೀಕ್ಷೆ

ಈಗ ನಾನು ಯಾವ ಫೈಲ್ ಹಾಕುವ ಮೊದಲೂ ಈ ನಾಲ್ಕು ಪ್ರಶ್ನೆ ಕೇಳುತ್ತೇನೆ.

ಕೊಟ್ಟವರು ಯಾರು? ಪ್ಲೇ ಸ್ಟೋರ್, ತಯಾರಕರ ಸ್ವಂತ ತಾಣ, ಇಲ್ಲವೇ ಮುಕ್ತ ತಂತ್ರಾಂಶಗಳನ್ನು ಮಾತ್ರ ಇಡುವ ಎಫ್-ಡ್ರಾಯ್ಡ್ ಆದರೆ ಸರಿ. ವಾಟ್ಸ್ಆ್ಯಪ್ ಗುಂಪಿನಲ್ಲಿ ಬಂದದ್ದು, "ಮಾಡ್" ಎಂದು ಹೆಸರಿರುವುದು ಬೇಡ. 2020ರ ಸೆಪ್ಟೆಂಬರ್ 2ರಂದು ಕೇಂದ್ರ ಸರ್ಕಾರ ಪಬ್‌ಜಿ ಮೊಬೈಲ್ ಸೇರಿ 118 ಆ್ಯಪ್‌ಗಳನ್ನು ನಿಷೇಧಿಸಿತು. ಆಗ ನಾನು ಏಳನೇ ತರಗತಿ. ನಮ್ಮ ಮೊಹಲ್ಲಾದ ಹುಡುಗರು ಸುಮ್ಮನಾಗಲಿಲ್ಲ, ಯಾರೋ ಕೊಟ್ಟ ಎಪಿಕೆಗಳನ್ನು ಒಬ್ಬರಿಂದೊಬ್ಬರಿಗೆ ಹಂಚಿದರು. ಮೊದಲು ಕೊಟ್ಟವರು ಯಾರೆಂದು ಒಬ್ಬರಿಗೂ ಗೊತ್ತಿರಲಿಲ್ಲ. ಅಧಿಕೃತ ಬಾಗಿಲು ಮುಚ್ಚಿದಾಗಲೇ ನಕಲಿ ಮಾಲಿಗೆ ಗಿರಾಕಿ ಹೆಚ್ಚು.

ದಾರಿಯಲ್ಲಿ ಬದಲಾಗಿದೆಯೇ? ಕೆಲವು ತಯಾರಕರು ಫೈಲಿನ ಪಕ್ಕದಲ್ಲಿ ಎಸ್‌ಎಚ್‌ಎ-256 ಎಂಬ 64 ಅಕ್ಷರಗಳ ಮೊತ್ತ ಕೊಟ್ಟಿರುತ್ತಾರೆ. ವಿಂಡೋಸ್‌ನ ಸರ್ಟ್‌ಯುಟಿಲ್ ಆಜ್ಞೆಯಿಂದ ನಾವೂ ಅದನ್ನು ಲೆಕ್ಕ ಹಾಕಬಹುದು. ಎರಡೂ ತಾಳೆಯಾದರೆ ಅದೇ ಫೈಲ್. ಒಂದು ಅಕ್ಷರ ಬೇರೆಯಾದರೂ ಬೇಡ. ನಮ್ಮ ಟ್ರಯಲ್ ಬ್ಯಾಲೆನ್ಸ್ ಇದ್ದ ಹಾಗೆ. ಆದರೆ ಟ್ರಯಲ್ ಬ್ಯಾಲೆನ್ಸ್ ತಾಳೆಯಾದರೂ ಒಳಗೆ ತಪ್ಪು ಇರಬಹುದು ಎಂದು ನಾವು ಓದಿದ್ದೇವೆ. ಇಲ್ಲಿಯೂ ಹಾಗೆಯೇ, ಮೊತ್ತ ಕೊಟ್ಟವರೇ ಮೋಸಗಾರರಾದರೆ ತಾಳೆ ನೋಡಿ ಪ್ರಯೋಜನವಿಲ್ಲ. ಅದಕ್ಕೇ ಮೊದಲ ಪ್ರಶ್ನೆ ಮೊದಲು.

ಏನೇನು ಕೇಳುತ್ತಿದೆ? 2015ರಲ್ಲಿ ಬಂದ ಆಂಡ್ರಾಯ್ಡ್ 6ರಿಂದ ಇಂಥ ಅನುಮತಿಗಳನ್ನು ಆ್ಯಪ್ ಬಳಕೆಯ ಹೊತ್ತಿನಲ್ಲಿ ಕೇಳುತ್ತದೆ, ಬೇಡ ಎನ್ನುವ ಹಕ್ಕು ನಮಗಿದೆ. ಲೂಡೋ ಆಡಲು ನಮ್ಮ ಎಸ್‌ಎಂಎಸ್ ಯಾಕೆ ಓದಬೇಕು? ಎಸ್‌ಎಂಎಸ್, ಸಂಪರ್ಕ ಪಟ್ಟಿ, ಆ್ಯಕ್ಸೆಸಿಬಿಲಿಟಿ ಈ ಮೂರನ್ನು ಒಂದು ಸಾಧಾರಣ ಗೇಮ್ ಕೇಳಿದರೆ ತೆಗೆದುಹಾಕಿ. ಆ್ಯಕ್ಸೆಸಿಬಿಲಿಟಿ ಸಿಕ್ಕ ಆ್ಯಪ್ ಪರದೆಯಲ್ಲಿರುವುದನ್ನು ಓದಬಲ್ಲದು, ನಮ್ಮ ಬದಲು ಗುಂಡಿಯನ್ನೂ ಒತ್ತಬಲ್ಲದು.

ಯಾವ ಫೋನಿಗೆ ಹೋಗುತ್ತಿದೆ? ಬ್ಯಾಂಕ್ ಸಿಮ್, ಯುಪಿಐ ಇರುವ ಫೋನಿಗೆ ಹೊರಗಿನ ಎಪಿಕೆ ಬೇಡವೇ ಬೇಡ. ಅಂಗಡಿಯ ಹಣ, ಮನೆಯ ಹಣ ಬೇರೆ ಬೇರೆ ಎಂದು ನಾವು ಮೊದಲ ಅಧ್ಯಾಯದಲ್ಲೇ ಓದುತ್ತೇವೆ. ಫೋನಿನ ವಿಷಯದಲ್ಲೂ ಅದು ನಿಜ.

ಇನ್ನೊಂದು ಸಣ್ಣ ಸಲಹೆ. ನಮ್ಮ ಮನೆಯಲ್ಲಿ ಮಾತು ಉರ್ದು, ಓದು ಕನ್ನಡ, ಫೋನಿನ ಎಚ್ಚರಿಕೆ ಮಾತ್ರ ಇಂಗ್ಲಿಷ್. ಅರ್ಥವಾಗದ ಎಚ್ಚರಿಕೆಗೆ ಎಲ್ಲರೂ ಓಕೆ ಒತ್ತುತ್ತಾರೆ. ಸೆಟ್ಟಿಂಗ್ಸ್‌ನಲ್ಲಿ ಭಾಷೆ ಬದಲಿಸಬಹುದು. ಈಗ ಅಮ್ಮಿಯ ಫೋನ್ ಉರ್ದುವಿನಲ್ಲಿದೆ, ಅಬ್ಬಾನದು ಕನ್ನಡದಲ್ಲಿದೆ. ಓಕೆ ಒತ್ತುವ ಮೊದಲು ಇಬ್ಬರೂ ಓದುತ್ತಾರೆ.

ಹಣ ಹೋದರೆ

ನಾಚಿಕೆಯಿಂದ ಮುಚ್ಚಿಡಬೇಡಿ. ತಕ್ಷಣ 1930ಕ್ಕೆ ಕರೆ ಮಾಡಿ, ಬ್ಯಾಂಕಿಗೆ ಹೇಳಿ ಕಾರ್ಡ್ ಬ್ಲಾಕ್ ಮಾಡಿಸಿ, ಫೋನಿನ ಇಂಟರ್ನೆಟ್ ಆಫ್ ಮಾಡಿ. ರಾಷ್ಟ್ರೀಯ ಸೈಬರ್ ಅಪರಾಧ ಪೋರ್ಟಲ್‌ನಲ್ಲೂ ದೂರು ಕೊಡಬಹುದು. ತಮ್ಮ ಹೆದರಿ ಒಂದು ರಾತ್ರಿ ಹೇಳಲಿಲ್ಲ. ಆ ಒಂದು ರಾತ್ರಿ ನಮಗೆ ಭಾರವಾಯಿತು. ಹಣ ಇನ್ನೂ ಬಂದಿಲ್ಲ. ದೂರಿನ ಸಂಖ್ಯೆಯನ್ನು ಅಬ್ಬಾ ಲೆಕ್ಕದ ಪುಸ್ತಕದಲ್ಲಿ ಅದೇ ಸಾಲಿನ ಮುಂದೆ ಬರೆದಿಟ್ಟಿದ್ದಾರೆ.

ತಮ್ಮನಿಗೆ ಗೇಮ್ ನಿಲ್ಲಿಸಲಿಲ್ಲ. ಮನೆಯ ಹಳೆಯ ಟ್ಯಾಬ್ಲೆಟ್‌ಗೆ ಸೈಮನ್ ಟ್ಯಾಥಮ್ ಅವರ ಪಜಲ್‌ಗಳ ಸಂಗ್ರಹವನ್ನು ಎಫ್-ಡ್ರಾಯ್ಡ್‌ನಿಂದ ಇಳಿಸಿ ಎಡಿಬಿಯಿಂದ ಹಾಕಿದೆ. ಜಾಹೀರಾತು ಇಲ್ಲ, ಇಂಟರ್ನೆಟ್ ಬೇಡ, ಸುಡೊಕು ತರಹದ ಆಟದಿಂದ ಹಿಡಿದು ಹತ್ತಾರು ಆಟಗಳಿವೆ. ಈ ಸಲ ಅವನನ್ನು ಪಕ್ಕದಲ್ಲೇ ಕೂರಿಸಿಕೊಂಡಿದ್ದೆ. ಅನುಮತಿಗಳ ಪಟ್ಟಿಯನ್ನು ಅವನೇ ಗಟ್ಟಿಯಾಗಿ ಓದಿದ. ಎಂಟರ್ ಒತ್ತಿದ್ದೂ ಅವನೇ.

ನಿಮ್ಮ ಮನೆಯಲ್ಲೂ ಅಬ್ಬಾ, ಅಮ್ಮಿಯ ಫೋನಿನಲ್ಲಿ ಆಡುವ ತಮ್ಮ ತಂಗಿಯರು ಇರುತ್ತಾರೆ. ಇವತ್ತು ಮನೆಗೆ ಹೋದಾಗ ಆ ಫೋನ್ ತೆಗೆದುಕೊಂಡು ಯಾವ ಗೇಮ್‌ಗೆ ಎಸ್‌ಎಂಎಸ್ ಅನುಮತಿ ಇದೆ ಎಂದು ಒಮ್ಮೆ ನೋಡಿ. ಐದು ನಿಮಿಷದ ಕೆಲಸ.